ಓಮ್ನಿ ಕಡಲಲ್ಲಿ

ಶಟರು ಅರ್ಧ ಎತ್ತಿದ್ದೆನಷ್ಟೆ,
ಅಡಿಯಿಂದ ನುಸುಳಿ ಬಂದರು ಲೋಕಯ್ಯ ಶೆಟ್ಟಿಗಾರರು.
ಜೀವ ಉಂಟೋ ಇಲ್ಲವೋ ತಿಳಿಯದ ಏಡಿಯನ್ನು ಇಡುವ ಹಾಗೆ
ಫೋನನ್ನು ಗಾಜಿನ ಮೇಲಿಟ್ಟರು.
"ಇದು ಸುಳ್ಳು ಹೇಳ್ತದೆ, ಮಾರಾಯ್ತಿ."

ಉಪ್ಪಳದ ಈ ಅಂಗಡಿಗೆ ಬರುವ ಫೋನುಗಳೆಲ್ಲ
ಒಂದಲ್ಲ ಒಂದು ಸುಳ್ಳಿನ ಜೊತೆಗೇ ಬರುತ್ತವೆ:
ಚಾರ್ಜ್ ತುಂಬಿದೆ ಎಂದು, ನೀರಿಗೆ ಬಿದ್ದೇ ಇಲ್ಲ ಎಂದು.
ಇದರದು ಬೇರೆ ಜಾತಿ.
ಬಾಯಾರಿನಿಂದ ದೇರಳಕಟ್ಟೆಗೆ ವಾರಕ್ಕೆ ಮೂರು ಸಲ
ಡಯಾಲಿಸಿಸ್‌ನವರನ್ನು ಕರೆದೊಯ್ಯುವ ಓಮ್ನಿ;
ಸಮಿತಿಯವರು ಪೆಟ್ರೋಲಿಗೆ ಕೊಡುವುದು
ಆ್ಯಪ್ ಹೇಳಿದ ಕಿಲೋಮೀಟರಿಗೆ.
ಆ್ಯಪ್ ಹೇಳುವುದು ತನ್ನ ಮನಸ್ಸಿಗೆ ಬಂದಷ್ಟು.

ಗುಡ್ಡದ ದಾರಿ ಸುತ್ತಿ ಸುತ್ತಿ ಇಳಿದರೆ
ಇದು ಮೇಲೊಂದು ಕೆಳಗೊಂದು ಚುಕ್ಕಿಯಿಟ್ಟು
ನೆಟ್ಟಗೆ ಗೆರೆ ಎಳೆಯುತ್ತದೆ, ಕಾಗೆ ಹಾರಿದ ಹಾಗೆ.
"ನಾನು ಕಾಗೆಯಾ? ಹಿಂದೆ ಐದು ಜನ ಕೂತಿರ್ತಾರೆ."
ದಿನಕ್ಕೆ ನಾಲ್ಕು ಕಿಲೋಮೀಟರು ಕಾಗೆಯ ಪಾಲು.

ಬ್ಯಾಟರಿ ಉಳಿತಾಯ ತೆಗೆದೆ. ಲೊಕೇಶನ್‌ಗೆ
'ಬಳಸುವಾಗ ಮಾತ್ರ' ಎಂದಿದ್ದುದನ್ನು 'ಯಾವಾಗಲೂ' ಮಾಡಿದೆ.
ಯಾವಾಗಲೂ ಅಂದರೆ ಎಷ್ಟು ಹೊತ್ತು, ಎಂದು ಕೇಳಿದರು.
ಉತ್ತರ ನನ್ನಲ್ಲಿರಲಿಲ್ಲ; ಕ್ಯಾಶೆ ಒರೆಸಿದೆ.
ಭಾಷೆ ಯಾವುದೆಂದು ಅದೂ ಕೇಳಿತು:
ಮಲಯಾಳ, ಇಂಗ್ಲಿಷ್, ತುಂಬಾ ಕೆಳಗೆ ಕನ್ನಡ.
ತುಳುವಿನಲ್ಲಿ ಮಾತಾಡುತ್ತಲೇ ಕನ್ನಡ ಒತ್ತಿದೆ.

ತಲಪಾಡಿಯಲ್ಲಿ ಇನ್ನೊಂದು ರಾಜ್ಯ ಸ್ವಾಗತ ಹೇಳಿದ್ದೇ ತಡ
ಒಂದು ಪ್ರಯಾಣ ಎರಡು ತುಂಡು:
ಒಂದು 'ಮುಗಿದಿದೆ', ಇನ್ನೊಂದು 'ಈಗ ಶುರು'.
ಟೋಲಿನ ಸಾಲಿನಲ್ಲಿ ಕೂತ ಬೀಫಾತಿಮ್ಮನ ತೋಳಿನಲ್ಲಿ
ಡಾಕ್ಟರು ಕೂಡಿಸಿ ಹೊಲಿದ ನರ
ಗಡಿಯ ಈಚೆಗೂ ಆಚೆಗೂ ಒಂದೇ ಸಮನೆ ಗುಂಯ್‌ಗುಡುತ್ತದೆ.
ರೋಮಿಂಗ್ ತೆರೆದೆ. ತುಂಡುಗಳನ್ನು ಬೆರಳಲ್ಲೆಳೆದು ಸೇರಿಸಿದೆ.

"ಇನ್ನೊಂದುಂಟು," ಎಂದು ದನಿ ಇಳಿಸಿದರು.
ಮನೆಯ ಪುಟ್ಟ ಚಿತ್ರವನ್ನು ಅದು ಕೂರಿಸಿದ್ದು
ಆಸ್ಪತ್ರೆಯ ಹಿಂದೆ, ಗೋಳಿಮರದಡಿ, ವ್ಯಾನು ನಿಲ್ಲಿಸುವಲ್ಲಿ.
ಹೆಂಡತಿ ನೋಡಿ ಎರಡು ದಿನ ಮಾತಾಡಲಿಲ್ಲವಂತೆ.
ಮೂರನೆಯ ದಿನ ಗಂಜಿ ಬಡಿಸುತ್ತ
"ಮನೆಯಲ್ಲಿ ಊಟ ಆಗಿರ್ಬೇಕಲ್ಲ" ಎಂದಳಂತೆ.

ಪಾಪ, ಇದರ ಬುದ್ಧಿ ಅಷ್ಟೇ. ರಾತ್ರಿ ಫೋನಿನೊಡನೆ ಇದೂ ಮಲಗುತ್ತದೆ,
ಮಲಗಿದ ಜಾಗದ ನೆನಪು ಇದಕ್ಕಿಲ್ಲ.
ಎಚ್ಚರವಿದ್ದು ಕಾದ ಜಾಗವನ್ನು ಮನೆ ಎಂದುಕೊಂಡಿದೆ.
ನಾಲ್ಕು ಗಂಟೆ, ವಾರಕ್ಕೆ ಮೂರು ಸಲ, ಆರು ವರ್ಷ.

ಚಿತ್ರ ಕಿತ್ತು ಬಾಯಾರಿನಲ್ಲಿ ನೆಟ್ಟೆ.
ಗೋಳಿಮರಕ್ಕೆ ಏನು ಬರೆಯಲಿ?
ಪಟ್ಟಿಯಲ್ಲಿದ್ದದ್ದು ಕೆಲಸ, ಜಿಮ್, ಇತರೆ.
"ಕೆಲಸ ಅಂದ್ರೆ ಸಂಬಳ ಉಂಟು ಅಂತ ಆಗ್ತದೆ.
ಇತರೆ ಬೇಡ, ಅದು ಆಸ್ಪತ್ರೆ ಬಿಲ್ಲಿನಲ್ಲಿ ಬರ್ತದೆ.
ನೆರಳು ಅಂತ ಹಾಕಿ.
ಮಧ್ಯಾಹ್ನದ ಮೇಲೆ ಅದೂ ಇಲ್ಲ."

ಒಂದು ಮಾತ್ರ ನನ್ನ ಕೈಗೆ ಬರಲಿಲ್ಲ.
ಹೆದ್ದಾರಿ ಅಗಲ ಮಾಡುತ್ತ ಮಾಡುತ್ತ ಹೊಸಂಗಡಿಯ ಹತ್ತಿರ
ದಾರಿಯನ್ನು ದಿನಕ್ಕೊಂದು ಕಡೆ ತಿರುಗಿಸುತ್ತಾರೆ,
ನಕ್ಷೆಗೆ ಸುದ್ದಿ ತಲುಪಿಲ್ಲ.
ಗಾಡಿ ದಾರಿಯಲ್ಲಿ ಕಾಣದಿದ್ದರೆ
ಕಡಲಲ್ಲೇ ಇರಬೇಕೆಂದು ಅದರ ತರ್ಕ.
ಮಂಜೇಶ್ವರದಿಂದ ಕುಂಜತ್ತೂರಿನವರೆಗೆ ನೀಲಿಯ ಮೇಲೆ ಚುಕ್ಕಿ;
ದಿನಕ್ಕೆ ಇಷ್ಟೇ ಲೋಟ ನೀರು ಎಂದು
ಅಳೆದು ಕುಡಿಯುವ ಐದು ಜನ
ನಡುಕಡಲಲ್ಲಿ.

ಮೂವತ್ತು ರೂಪಾಯಿ ಎಂದೆ.
ಐವತ್ತು ಕೊಟ್ಟು, ಚಿಲ್ಲರೆ ಬೇಡವೆಂದು ಹೊರಟವರು
ಮೆಟ್ಟಿಲಿಳಿದು ತಿರುಗಿ ಬಂದು ಹತ್ತು ಇಸಕೊಂಡರು.

ಬುಧವಾರ ಬೆಳಿಗ್ಗೆ ಆರೂಕಾಲಿಗೆ ಅವರ ಫೋನು.
ಹಿಂದೆ ಒಂದೇ ಗದ್ದಲ, ಯಾರೋ ಕೆಮ್ಮುವಷ್ಟು ನಗುತ್ತಿದ್ದರು.
ಎಲ್ಲಿದ್ದೀರಿ ಎಂದೆ.
ಉತ್ತರ ಬಂದದ್ದು ಬೀಫಾತಿಮ್ಮನಿಂದ:
"ಕಡಲಲ್ಲಿ, ಮಗಳೇ. ಅಲೆ ಏನೂ ಇಲ್ಲ.
ಕಿಟಕಿ ಎಳೆದು ಕೂತಿದ್ದೇವೆ,
ಉಪ್ಪು ನಮಗೆ ಆಗುದಿಲ್ಲ ಅಲ್ವಾ."