ಗಂಟು

ಅಂಗಡಿ ಮುಚ್ಚಿ ಆರು ವರ್ಷ.
ಗೋವಂಡಿಯ ಆ ಗಲ್ಲಿಯಲ್ಲಿ ಈಗ ಮೊಬೈಲು ರಿಪೇರಿ.
ಅಪ್ಪನ ಟ್ರಂಕಿನಲ್ಲಿ ಉಳಿದದ್ದು
ಪಾವು ಕಿಲೋದ ಒಂದು ತೂಕದ ಕಲ್ಲು, ತಗಡಿನ ಲಾಳಿಕೆ,
ಕೆಂಪು ಬಟ್ಟೆಯ ರಟ್ಟಿನ ಉದ್ರಿ ಪುಸ್ತಕ.
ಅಕ್ಷರ ನನ್ನದೇ.

ಏಳನೇ ಇಯತ್ತೆಯಲ್ಲಿದ್ದೆ.
ಸಂಜೆ ಐದರಿಂದ ಎಂಟು, ಎಣ್ಣೆ ಕಟ್ಟುವ ಕೆಲಸ.
ಬೆರಳುದ್ದದ ಪ್ಲಾಸ್ಟಿಕ್ ಚೀಲ, ಲಾಳಿಕೆ, ಡಬ್ಬದಿಂದ ಒಂದು ಸೌಟು,
ದಾರ ಹಲ್ಲಲ್ಲಿ ಹಿಡಿದು ಎರಡು ಸುತ್ತು, ಗಂಟು.
ಐದು ರೂಪಾಯಿಯದು. ಹತ್ತು ರೂಪಾಯಿಯದು.
ಅಪ್ಪ ಹೇಳಿಕೊಟ್ಟಿದ್ದ:
ಗಂಟು ಸ್ವಲ್ಪ ಕೆಳಗೆ ಹಾಕು ಮಗಳೇ,
ಚೀಲ ಬಿಗಿಯಾದರೆ ತುಂಬಿದ ಹಾಗೆ ಕಾಣುತ್ತದೆ.

ಲೀಟರು ಕೊಳ್ಳುವವರು ನಮ್ಮಲ್ಲಿಗೆ ಬರುತ್ತಿರಲಿಲ್ಲ,
ಅವರಿಗೆ ಸ್ಟೇಷನ್ನಿನಾಚೆ ದೊಡ್ಡ ಅಂಗಡಿ, ರಿಯಾಯಿತಿ.
ಬರುವವರು ಒಂದು ಹೊತ್ತಿನಷ್ಟನ್ನೇ ಕೊಂಡು
ಲೀಟರಿನವರಿಗಿಂತ ಹೆಚ್ಚು ದರ ತೆತ್ತು ಹೋಗುತ್ತಿದ್ದರು.
ಲೆಕ್ಕ ನನಗೆ ಗೊತ್ತಿತ್ತು.
ಗಣಿತದಲ್ಲಿ ನಾನು ಜಾಣೆ.

ಈಗ ತೆರೆದ ಪುಟ: ಸಾಬವ್ವ, ನಾಲ್ಕನೇ ಖೋಲಿ.
ಸೋಮವಾರ, ಅಕ್ಕಿ ಅರ್ಧ ಕಿಲೋ, ತೊಗರಿ ನೂರು ಗ್ರಾಂ, ಎಣ್ಣೆ ಹತ್ತು.
ಗುರುವಾರ, ಅಕ್ಕಿ ಪಾವು ಕಿಲೋ, ಎಣ್ಣೆ ಐದು.
ಶನಿವಾರ, ಉಪ್ಪು. ಖಾರದ ಪುಡಿ ಎರಡು ರೂಪಾಯಿ.
ಮುಂದಿನ ಬುಧವಾರ, ಚಹಾ ಪುಡಿ, ಬಿಸ್ಕಿಟು ಒಂದು.
ನಡುವಿನ ದಿನಗಳಲ್ಲಿ ಏನೂ ಇಲ್ಲ.
ಕೊಂಡದ್ದಕ್ಕೆ ಕಾಲಮ್ಮಿದೆ,
ನೀರು ಕುಡಿದು ಮಲಗಿದ್ದಕ್ಕೆ ನಾನು ಗೆರೆ ಹಾಕಿರಲಿಲ್ಲ.

ರೇಷನ್ ಸಿಗೂದಿಲ್ಲೇನು ಎಂದು ಅಪ್ಪ ಕೇಳಿದಾಗ
"ಕಾರ್ಡ್ ಅದರಿ ಅಣ್ಣಾ,
ಕಾರ್ಡ್ ಊರಾಗ ಅದ, ಹೊಟ್ಟಿ ಇಲ್ಲಿ ಅದ" ಅಂದಳು.
ಅಪ್ಪ ನಕ್ಕ, ನಾನು ನಕ್ಕೆ,
ಅವಳೂ ನಕ್ಕಳು ಸೆರಗು ಬಾಯಿಗಿಟ್ಟು.
ಆ ದಿನ ಅವಳು ಕೊಟ್ಟ ನಗದು ಅಷ್ಟೇ.

ಅವಳ ಮಗಳು ಮರೆಮ್ಮ, ಮುನಿಸಿಪಾಲ್ಟಿ ಶಾಲೆ.
ದಿವಾಳಿ ರಜೆಗೆ ಗಲ್ಲಿಯೆಲ್ಲ ಕುಣಿಯುವಾಗ
ನಮ್ಮ ಕಟ್ಟೆಯ ಮೇಲೆ ಕೂತು ಕೇಳಿದಳು:
"ಅಕ್ಕಾ, ಸಾಲಿ ಯಾವಾಗ ತೆರೀತಾರ?"
ಎಂಥಾ ಓದಿನ ಹುಚ್ಚು ಈ ಹುಡುಗಿಗೆ!
ಅಪ್ಪನಿಗೂ ಹೇಳಿದೆ. ಮೆಚ್ಚಿ ಒಂದು ಪೆನ್ಸಿಲು ಕೊಟ್ಟ.
ಶಾಲೆಯ ಖಿಚಡಿ ನನಗೆ ಹೊಳೆದದ್ದು ಮೊನ್ನೆ,
ಪುಟದ ತಾರೀಖುಗಳ ಮೇಲೆ ಬೆರಳಾಡಿಸುವಾಗ.
ರಜೆ ಹದಿನೆಂಟು ದಿನ. ಬಿಸ್ಕಿಟು ಆರು.
ಆ ವಾರ ನಮ್ಮ ಮನೆಯಲ್ಲಿ ಕರ್ಚಿಕಾಯಿ ಕರಿದರು,
ಬಾಂಡಲಿಯಲ್ಲಿ ಎರಡು ಲೀಟರ್ ಎಣ್ಣೆ,
ಒಂದೂ ಗಂಟಿಲ್ಲದ್ದು.

ಒಮ್ಮೆ ಅವ್ವ ಅಂದಿದ್ದಳು,
ಇನ್ನರ್ಧ ಸೌಟು ಹಾಕೇ, ನಿಮ್ಮಪ್ಪನ ಗಂಟೇನು ಹೋಗ್ತದ?
ಹೋಗುತ್ತಿದ್ದದ್ದು ಅಪ್ಪನ ಗಂಟೇ.
ಅದರಲ್ಲೇ ನನ್ನ ಬಿ.ಕಾಂ.,
ಡೊಂಬಿವಲಿಯ ಈ ಎರಡು ಕೋಣೆ, ಈ ಫ್ರಿಜ್ಜು,
ಫ್ರಿಜ್ಜಿನಲ್ಲಿ ಹಳಸುವ ಸಾರು.

ಅಪ್ಪ ಕೆಟ್ಟವನಲ್ಲ.
ಹದಿನಾಲ್ಕನೇ ವಯಸ್ಸಿಗೆ ಮಸ್ಜಿದ್ ಬಂದರಿನ ಗೋಣಿಗಳ ನಡುವೆ ಮಲಗಿ
ಉದುರಿದ ಕಡಲೆ ಆರಿಸಿ ತಿಂದವನು.
ಯಾರನ್ನೂ ಬರಿಗೈಯಲ್ಲಿ ಕಳಿಸಲಿಲ್ಲ.
ಹಸಿವು ಗೊತ್ತಿದ್ದರಿಂದಲೇ ಅದರ ಅಳತೆ ಗೊತ್ತಿತ್ತು ಅವನಿಗೆ,
ಎಷ್ಟು ಕೊಟ್ಟರೆ ನಾಳೆ ಮತ್ತೆ ಬರುತ್ತಾರೆ ಅನ್ನುವ ಅಳತೆ.

ಬಾಕಿ ಇನ್ನೂರ ಹನ್ನೆರಡು, ಅಂತ ಪುಟದ ಕೊನೆಗೆ.
ಗುಡಿಸಲು ಕೆಡವಿದ ವಾರ ಅವರು ಹೊರಟರು,
ವಾಶಿ ಕಡೆಗೆ ಎಂದರು ಒಬ್ಬರು, ಇನ್ನೊಬ್ಬರು ಪುಣೆ.
ಬಾಕಿ ಯಾರದು, ಯಾರಿಗೆ,
ನಾನು ಬರೆದಿಲ್ಲ.

ಪುಸ್ತಕ ಟ್ರಂಕಿಗೆ ಹಾಕಿ ಅಡುಗೆಮನೆಗೆ ಬಂದೆ.
ಕೊತ್ತಂಬರಿಯ ಚೀಲ ಬಾಯಿ ತೆರೆದು ಬಿದ್ದಿತ್ತು.
ಕಟ್ಟಲು ಹೋದರೆ
ಬೆರಳು ತಾನಾಗಿಯೇ
ಸ್ವಲ್ಪ ಕೆಳಗೆ ಜಾರಿತು.