ಬಿಲ್ಲಿನ ಬೆನ್ನಿನ ವ್ಯಾಕರಣ

ಮಾಟುಂಗದ ಹೋಟೆಲಿನ ಗಲ್ಲಾದ ಹಿಂದೆ ಕೂತು
ವಾಮನ ಸಾಲ್ಯಾನ್ ಹಳೆ ಬಿಲ್ಲುಗಳ ಬೆನ್ನ ಮೇಲೆ
ಭಾಷೆ ಕಟ್ಟುತ್ತಿದ್ದ.
ಒಂದಲ್ಲ, ಒಂದಿಡೀ ಮನೆತನ.

ಹಿರಿಯವಳು ಸಸೂನ್ ಡಾಕಿನವಳು.
ನಿನ್ನೆ ನಾಳೆ ಅವಳಿಗೆ ಗೊತ್ತಿಲ್ಲ;
ಕ್ರಿಯಾಪದಕ್ಕೆ ಎರಡೇ ಬಾಲ: ಭರತ, ಇಳಿತ.
‘ಅಪ್ಪ ಸತ್ತ’ ಅನ್ನಲು ಬಾರದು.
‘ಅಪ್ಪ ಇಳಿದಿದ್ದಾನೆ’, ಅಷ್ಟೇ.
ಕೇಳಿದವರು ದಡದಲ್ಲಿ ನಿಂತು ಕಾಯಬೇಕು.

ಎರಡನೆಯವಳು ಲೋಕಲ್ ಹಿಡಿಯುವವಳು.
ತಪ್ಪಿದ ಗಾಡಿಗೊಂದು ಕಾಲ, ತಪ್ಪಲಿರುವುದಕ್ಕೆ ಇನ್ನೊಂದು,
ಎಂಟು ಹದಿನೇಳಕ್ಕೆ ಮಾತ್ರ ಬೇರೆಯೇ ವಿಭಕ್ತಿ.
‘ಈಗ’ ಎಂಬ ಶಬ್ದಕ್ಕೆ ಒಳಗೆ ಕಾಲಿಡಲು ಜಾಗವಿಲ್ಲ,
ಬಾಗಿಲ ಕಂಬಿಗೆ ಜೋತಿದೆ.

ಮೂರನೆಯವಳ ಮೇಲೆ ಸಾಂಬಾರು ಚೆಲ್ಲಿತ್ತು.
‘ಗಿರಣಿ’ ಅಂತೊಂದು, ‘ಭೋಂಗಾ’ ಅಂತೊಂದು,
ಮುಗಿಯದ ಒಂದು ವಾಕ್ಯ

ಹಿಂದಿಯವರ ‘ಕಲ್’ ಕಂಡರೆ ಅವನಿಗೆ ಹೊಟ್ಟೆಕಿಚ್ಚು.
ನಿನ್ನೆಗೂ ಅದೇ, ನಾಳೆಗೂ ಅದೇ!
‘ಎಷ್ಟು ಉಳಿತಾಯ ನೋಡು ಮಾರಾಯ,
ನಮಗೋ ನಾಡಿದ್ದು, ಆಚೆ ಮೊನ್ನೆ,
ಎಲ್ಲಕ್ಕೂ ಬೇರೆ ಬೇರೆ ಖರ್ಚು.’

ಇವರೆಲ್ಲರ ತಾಯಿ ಯಾರು, ಕೇಳಿದೆ.
ಪೆನ್ನಿನ ತುದಿ ಕಚ್ಚಿದ. ಚಿಲ್ಲರೆ ಎಣಿಸಿದ.
ಹೆಂಡತಿಯ ಫೋನು ಬಂತು, ಎತ್ತಲಿಲ್ಲ.

ಏಳನೇ ಟೇಬಲ್ಲಿನಿಂದ ಯಾರೋ ಕೂಗಿದರು.
ಒಳಗೆ ದೇಜು, ಇನ್ನೂ ಕೈ ಒರೆಸಿಕೊಳ್ಳುತ್ತಿದ್ದವನು,
‘ಬಂದೆ!’ ಅಂದ.

ಬಂದಿರಲಿಲ್ಲ.
ವಾಮನ ಬಿಲ್ಲು ತಿರುವಿ ಬರೆದುಕೊಂಡ.
ಗಿರಾಕಿ ಆಗಲೇ
ಕಾಯುವುದನ್ನು ಬಿಟ್ಟು ಲೋಟ ಸರಿಸಿ
ತಟ್ಟೆಗೆ ಜಾಗ ಮಾಡಿದ್ದ.