ಅರ್ಧ ಬೆರಳು

ಕಪ್ಪುಬಿಳುಪಿನ ಕಾಲ. ಮದುವಣಗಿತ್ತಿಯ ಉಡುಪನ್ನು
ಹಂಡೆಗಟ್ಟಲೆ ಚಹಾದಲ್ಲಿ ಅದ್ದಿ ತೆಗೆಯುತ್ತಿದ್ದೆವು.
ಅಚ್ಚ ಬಿಳಿಯನ್ನು ಕ್ಯಾಮೆರಾ ತಾಳದು,
ಬೆಳಕು ಉಕ್ಕಿ ಹುಡುಗಿಯ ಮುಖವನ್ನೇ ನುಂಗಿಬಿಡುತ್ತದೆ.
ಪರದೆಯ ಮೇಲೆ ನೀವು ಕಂಡ ಹಾಲುಬಿಳಿ
ನಿಜಕ್ಕೂ ಜ್ವರದ ಹಾಸಿಗೆಯ ಬಣ್ಣ.
ನನ್ನ ಉಗುರಿನ ಸಂದಿಯಲ್ಲಿ ಅದು ಈಸ್ಟರ್‌ವರೆಗೂ ಇತ್ತು.

ಬುಡಾಪೆಸ್ಟಿನ ಜುಗ್ಲೋ, ಸ್ಟುಡಿಯೋ ಹಿಂದಿನ ತಗಡಿನ ಶೆಡ್ಡು.
ನಾನು ಗುಂಡುಸೂಜಿ ಹಿಡಿಯುವ ಹುಡುಗಿ, ಹದಿನೇಳು.
ಆಕೆ ವಾದ್ನೈ ಪಿರೋಶ್ಕಾ. ತುಟಿಯಲ್ಲಿ ಸದಾ ಐದಾರು ಸೂಜಿ,
ಹಾಗಾಗಿ ಮಾತು ಕಡಿಮೆ,
ಆಡಿದ್ದು ಚುಚ್ಚದೆ ಬಿಡುತ್ತಿರಲಿಲ್ಲ.
ಪಿರೋಶ್ ಅಂದರೆ ನಮ್ಮಲ್ಲಿ ಕೆಂಪು.
ಹೆಸರಲ್ಲಿ ಕೆಂಪಿಟ್ಟುಕೊಂಡು ಇಪ್ಪತ್ತು ವರ್ಷ
ಹನ್ನೊಂದು ಬಗೆಯ ಬೂದಿಯಲ್ಲಿ ದುಡಿದವಳು.

ದೋನ್ ನದಿಯ ಯುದ್ಧದಿಂದ ಮರಳುವವನಿಗೆ ಒಂದು ಕೋಟು ಬೇಕಿತ್ತು.
ಹೊಸದನ್ನೇ ಹೊಲಿದಳು. ಆಮೇಲೆ ಚೀಸು ತುರಿಯುವ ಮಣೆಗೆ
ಅದರ ಮೊಣಕೈ ಉಜ್ಜಿದಳು, ಜೇಬಿಗೆ ಒದ್ದೆ ಕಲ್ಲು ತುಂಬಿ
ವಾರವಿಡೀ ಗೂಟಕ್ಕೆ ನೇತುಹಾಕಿದಳು.
"ಹಸಿದವನ ಕೈ ಜೇಬು ಬಿಟ್ಟು ಹೊರಗೆ ಬರದು,
ಜೋಲಬೇಕು ಅದು, ನೋಡು, ಹೀಗೆ."

ಅವನ ಸಾವಿಗೆ ಕಪ್ಪುಟ್ಟವಳು ಹಾಯ್ನಲ್ಕಾ.
ಒಂಬತ್ತು ಸಲ ಮೆಟ್ಟಿಲಿಳಿದಳು, ಒಂಬತ್ತು ಸಲವೂ
ತುಂಬಿದ ಬಕೆಟ್ಟು ಹೊತ್ತವಳ ಹಾಗೆ.
ಆ ರಾತ್ರಿ ಪಿರೋಶ್ಕಾ ಬೀರು ತೆಗೆದಳು:
ಮೇ ಒಂದರ ಮೆರವಣಿಗೆಗೆಂದು ಬಂದ ಬಾವುಟದ ಥಾನು.
ಮೂರು ಗಜ ಕತ್ತರಿಸಿ, ಲೆಕ್ಕದ ಪುಸ್ತಕದಲ್ಲಿ
'ಇಲಿ ತಿಂದಿದೆ' ಎಂದು ನನ್ನ ಕೈಲಿ ಬರೆಸಿದಳು.
ಬೆಳಗಾಗುವಷ್ಟರಲ್ಲಿ ಒಳಲಂಗ.
ಉಟ್ಟವಳಿಗೆ, ಹೊಲಿದವಳಿಗೆ, ನನಗೆ,
ಇಲಿಗೆ ಮಾತ್ರ ಗೊತ್ತು.

ಮರುದಿನ ಅದೇ ಮೆಟ್ಟಿಲು. ಅದೇ ಕಪ್ಪು.
ಮೊಣಕಾಲಿಗೆ ಏನೋ ನೆನಪಾದಂತೆ ಇಳಿದಳು,
ಇನ್ನೂ ಬದುಕಿರುವ ಹೆಂಗಸು.
ನಿರ್ದೇಶಕ ಟೊಪ್ಪಿ ತೆಗೆದ, ತನಗೆ ತಾನೇ ಅನ್ನುವ ಹಾಗೆ.
ವಿಧವೆಯ ಕಪ್ಪಿನೊಳಗೆ ಬೆಂಕಿಯಿದೆ ಎಂದು ಪತ್ರಿಕೆಯವರು ಬರೆದರು,
ಬೆಳಕಿನವನನ್ನು ಹೊಗಳಿ.

ಈಗ ಆಂಗ್ಯಲ್‌ಫ್ಯೋಲ್ದಿನ ನಾಲ್ಕನೇ ಮಹಡಿ, ಕೆಟ್ಟ ಲಿಫ್ಟು,
ನನ್ನ ಚೀಲದಲ್ಲಿ ಗಸಗಸೆಯ ರೊಟ್ಟಿ, ಆಕೆಗೆ ತೊಂಬತ್ತೆರಡು.
ಹಳೆಯ ರೀಲು ತೊಳೆಯುವ ಹುಡುಗನೊಬ್ಬ ಬಂದಿದ್ದಾನೆ.
ಒಂದೊಂದೇ ಚಿತ್ರ ನಿಲ್ಲಿಸಿ ಗೀರು ಒರೆಸುತ್ತಾನಂತೆ;
ಒರೆಸುತ್ತ ಒರೆಸುತ್ತ, ಮೂರನೆಯ ಮೆಟ್ಟಿಲಲ್ಲಿ,
ಕಪ್ಪಿನ ಅಂಚಿನಾಚೆ ಎಳೆಯಷ್ಟು ಬೇರೆ ಬೂದಿ!
"ಪಿರಿ ನೇನಿ, ಇದು ಯಾವ ಬಣ್ಣ?"
ಅವನ ಕಣ್ಣಲ್ಲಿ ನಿಧಿ ಸಿಕ್ಕವನ ಹೊಳಪು.

ಆಕೆ ಭೂತಗನ್ನಡಿ ಹಿಡಿದು ಬಗ್ಗಿದಳು.
ಬಹಳ ಹೊತ್ತು ನೋಡಿದಳು.
ಈಗ ಹೇಳುತ್ತಾಳೆ, ಅಂದುಕೊಂಡೆ ನಾನು,
ಬಾವುಟ, ಕತ್ತರಿ, ಆ ಇಲಿ.

"ಅರ್ಧ ಬೆರಳು ಉದ್ದವಾಗಿದೆ."
ಆಮೇಲೆ ಗಾಜಿನಿಂದ ಕಣ್ಣೆತ್ತದೆ, ನನಗೆ:
"ಅಂಚು ಮಡಿಸಿದ್ದು ನೀನೇ ಅಲ್ಲವೇ?"

ಹುಡುಗ ಇನ್ನೂ
ಪೆನ್ನು ಹಿಡಿದು ಕಾಯುತ್ತಿದ್ದ.